ಸಿಡಿ, ಪುಶ್‌ಡಿ, ಝಾಕ್ಸೈಡ್: ಫೋಲ್ಡರಿಗೆ ಹೋಗಲು ನನಗೆ ಯಾವುದು ಸರಿ ಬಂತು

ವಿಂಡೋಸ್ ಕಂಪ್ಯೂಟರಿನಲ್ಲಿ ಮೌಸ್ ಮುಟ್ಟದೆ, ಕಮಾಂಡ್ ಬರೆದು ಒಂದು ಫೋಲ್ಡರಿನಿಂದ ಇನ್ನೊಂದಕ್ಕೆ ಹೋಗಲು ಸಿಡಿ (cd), ಪುಶ್‌ಡಿ (pushd) ಅನ್ನುವ ಕಮಾಂಡುಗಳಿವೆ, ಝಾಕ್ಸೈಡ್ (zoxide) ಅನ್ನುವ ಬೇರೆ ಪ್ರೋಗ್ರಾಮೂ ಇದೆ. ಮೊದಲೇ ಹೇಳಿಬಿಡುತ್ತೇನೆ, ನನ್ನ ಓಟು ಝಾಕ್ಸೈಡ್‌ಗೆ. ಉಳಿದವನ್ನೂ ಬಳಸಿದ್ದೇನೆ, ಒಂದೆರಡನ್ನು ಈಗಲೂ ಬಳಸುತ್ತೇನೆ. ಆದರೆ ನನ್ನ ಲ್ಯಾಪ್‌ಟಾಪಿನಲ್ಲಿ ಅದಿಲ್ಲದೆ ಕೈ ಓಡುವುದಿಲ್ಲ.

ನಾನು ಡೊಂಬಿವಲಿಯಲ್ಲಿ ಕೂತು ಮುಂಬೈಯ ಕೆಲವು ಉಡುಪಿ ಹೋಟೆಲುಗಳ ಲೆಕ್ಕ ಬರೆಯುವವನು. ಲ್ಯಾಮಿಂಗ್ಟನ್ ರೋಡಿನಲ್ಲಿ ಒಂದು ಸೆಕೆಂಡ್ ಹ್ಯಾಂಡ್ ಲ್ಯಾಪ್‌ಟಾಪ್ ಕೊಂಡೆ. ಕೀಬೋರ್ಡು ಚೆನ್ನಾಗಿದೆ, ಹಾರ್ಡ್ ಡಿಸ್ಕ್ ಮಾತ್ರ ಮಹಾ ಸೋಮಾರಿ. ಬಿಲ್ಲುಗಳ ಸ್ಕ್ಯಾನ್ ತುಂಬಿದ ಫೋಲ್ಡರನ್ನು ಎಕ್ಸ್‌ಪ್ಲೋರರಿನಲ್ಲಿ ತೆರೆದರೆ ಮೇಲೆ ಹಸಿರು ಗೆರೆ ತೆವಳುತ್ತಾ ಇರುತ್ತದೆ. ಅಷ್ಟರಲ್ಲಿ ಕೆಳಗಿಳಿದು ಚಹಾ ಕುಡಿದು ಬರಬಹುದು. ಎಸ್‌ಎಸ್‌ಡಿ, ಅಂದರೆ ವೇಗದ ಹೊಸ ಥರದ ಡಿಸ್ಕ್, ಹಾಕಿಸಲು ಸದ್ಯಕ್ಕೆ ದುಡ್ಡಿಲ್ಲ. ಹಾಗಾಗಿ ಕಮಾಂಡ್ ಲೈನ್, ಅಂದರೆ ಅಕ್ಷರದಲ್ಲಿ ಬರೆದು ಕೆಲಸ ಹೇಳುವ ಕಿಟಕಿ, ಹಿಡಿದೆ.

ಮೊದಲು ಹಳೆಯ ಕಮಾಂಡ್ ಪ್ರಾಂಪ್ಟ್, ಅದರ ಸಿಡಿ ಕಮಾಂಡ್. ನನ್ನ ಲೆಕ್ಕವೆಲ್ಲ ಇರುವುದು ಡಿ ಡ್ರೈವಿನಲ್ಲಿ, ಕಿಟಕಿ ತೆರೆಯುವುದು ಸಿ ಡ್ರೈವಿನಲ್ಲಿ. ಸಿಡಿ ಅಂತ ಬರೆದು ಡಿ ಡ್ರೈವಿನ ಫೋಲ್ಡರಿನ ಪೂರ್ತಿ ದಾರಿ ಕೊಟ್ಟು ಎಂಟರ್ ಒತ್ತಿದರೆ ಏನೂ ಆಗುವುದಿಲ್ಲ. ತಪ್ಪು ಅಂತಲೂ ಹೇಳುವುದಿಲ್ಲ. ಸಿ ಡ್ರೈವಿನಲ್ಲೇ ನಿಂತಿರುತ್ತೀರಿ. ನಮ್ಮ ಆಫೀಸಿನ ಕುಂದಾಪುರದ ಹುಡುಗ ಇದನ್ನು ನೋಡಿ, "ಎಂತ ಮಾರಾಯ್ರೆ ಇದು, ಬೈಯುವುದೂ ಇಲ್ಲ, ಹೋಗುವುದೂ ಇಲ್ಲ" ಅಂದ.

ಒಳಗೆ ನಡೆಯುವುದು ಹೀಗೆ. ಇದು ವಿಂಡೋಸಿಗೂ ಹಿಂದಿನ ಡಾಸ್ ಕಾಲದ ಅಭ್ಯಾಸ. ಪ್ರತಿ ಡ್ರೈವಿಗೂ ತಾನು ಈಗ ಯಾವ ಫೋಲ್ಡರಿನಲ್ಲಿದ್ದೇನೆ ಅನ್ನುವ ಬೇರೆ ಬೇರೆ ನೆನಪು ಇರುತ್ತದೆ. ನೀವು ಕೊಟ್ಟ ಸಿಡಿ, ಡಿ ಡ್ರೈವಿನ ಆ ನೆನಪನ್ನು ಬದಲಿಸಿತು, ಅಷ್ಟೇ. ನಿಮ್ಮನ್ನು ಅಲ್ಲಿಗೆ ಒಯ್ಯಲಿಲ್ಲ. ಲೋಕಲ್ ಗಾಡಿಯ ಬೋರ್ಡಿನಲ್ಲಿ ಮುಂದಿನ ಸ್ಟೇಷನ್ ಹೆಸರು ಬಂದುಬಿಟ್ಟಿದೆ, ಗಾಡಿ ಮಾತ್ರ ಠಾಣೆಯಲ್ಲೇ ನಿಂತಿದೆ, ಹಾಗೆ. ಆಮೇಲೆ ಡಿ ಅಕ್ಷರ, ಅದರ ಮುಂದೆ ಎರಡು ಚುಕ್ಕಿ, ಎಂಟರ್. ಆಗ ನೇರ ಆ ಫೋಲ್ಡರಿನಲ್ಲೇ ಹೋಗಿ ನಿಲ್ಲುತ್ತದೆ.

ಸಿಡಿ ಆದಮೇಲೆ ಸ್ಲ್ಯಾಶ್ ಡಿ ಸೇರಿಸಿದರೆ ಒಂದೇ ಏಟಿಗೆ ಕೆಲಸ ಆಗುತ್ತದೆ. ಆದರೆ ಅವಸರದಲ್ಲಿ ಅದು ನೆನಪಿಗೆ ಬರಬೇಕಲ್ಲ? ಅಲ್ಲೇ ಇದ್ದೇನೆ ಅಂದುಕೊಂಡು ಡಿಲೀಟ್ ಕಮಾಂಡ್ ಕೊಟ್ಟರೆ ಅಳಿಸಿ ಹೋಗುವುದು ಬೇರೆ ಕಡೆಯ ಫೈಲು. ನಾನು ಈ ಕಿಟಕಿಯನ್ನು ಬಿಟ್ಟಿದ್ದಕ್ಕೆ ಇದೊಂದೇ ಕಾರಣ ಸಾಕಿತ್ತು.

ಒಂದು ವಿಷಯದಲ್ಲಿ ಮಾತ್ರ ಅದೇ ಮೇಲು. ಹೆಸರಿನ ಮಧ್ಯೆ ಜಾಗ ಬಿಟ್ಟಿರುವ 'ಜಿಎಸ್‌ಟಿ ರಿಟರ್ನ್ಸ್' ಥರದ ಫೋಲ್ಡರಿಗೆ ಅದರ ಸಿಡಿ ಉದ್ಧರಣ ಚಿಹ್ನೆ ಕೇಳುವುದಿಲ್ಲ. ವಿಂಡೋಸಿನದೇ ಇನ್ನೊಂದು ಹೊಸ ಕಮಾಂಡ್ ಕಿಟಕಿ ಪವರ್‌ಶೆಲ್ ಕೇಳುತ್ತದೆ, ಇಲ್ಲದಿದ್ದರೆ ಕೆಂಪಕ್ಷರದಲ್ಲಿ ಗದರಿಸುತ್ತದೆ. ಟ್ಯಾಬ್ ಒತ್ತಿದರೆ ತಾನೇ ಹಾಕಿಕೊಳ್ಳುತ್ತದೆ ಅನ್ನಿ. ಫೋಲ್ಡರಿಗೆ ಕನ್ನಡದಲ್ಲಿ ಹೆಸರಿಟ್ಟಿದ್ದರೆ ಹಳೆಯ ಕಿಟಕಿಯಲ್ಲಿ ಬರೀ ಚೌಕಗಳು.

ಪವರ್‌ಶೆಲ್ಲಿನ ಸಿಡಿ ಡ್ರೈವ್ ತಕರಾರು ಮಾಡುವುದಿಲ್ಲ, ಹೇಳಿದಲ್ಲಿಗೆ ಹೋಗುತ್ತದೆ. ಸಿಡಿ ಮುಂದೆ ಒಂದು ಅಡ್ಡಗೆರೆ ಹಾಕಿದರೆ ಹಿಂದಿನ ಫೋಲ್ಡರಿಗೆ ವಾಪಸ್. ಇದು 6.2 ಆವೃತ್ತಿಯಿಂದ ಬಂದದ್ದು. ವಿಂಡೋಸ್ ಜೊತೆ ಬರುವ 5.1ರಲ್ಲಿ ಇಲ್ಲ.

ಪುಶ್‌ಡಿ ಒಳ್ಳೆಯ ಮನುಷ್ಯ. ಇದ್ದ ಜಾಗ ನೆನಪಿಟ್ಟುಕೊಂಡು ಮುಂದೆ ಹೋಗುತ್ತದೆ, ಪಾಪ್‌ಡಿ ಅಂದರೆ ವಾಪಸ್ ಕರೆತರುತ್ತದೆ. ಡ್ರೈವನ್ನೂ ತಾನೇ ಬದಲಿಸುತ್ತದೆ. ಬೇರೆ ಕಂಪ್ಯೂಟರಿನಲ್ಲಿ ಹಂಚಿಟ್ಟ ಫೋಲ್ಡರಿಗೆ ಕಮಾಂಡ್ ಪ್ರಾಂಪ್ಟಿನ ಸಿಡಿ ಹೋಗಲು ಒಪ್ಪುವುದಿಲ್ಲ. ಪುಶ್‌ಡಿ ಅದಕ್ಕೊಂದು ತಾತ್ಕಾಲಿಕ ಡ್ರೈವ್ ಅಕ್ಷರ ಕೊಟ್ಟು ಒಳಗೆ ಬಿಡುತ್ತದೆ, ಝಡ್‌ನಿಂದ ಹಿಂದಕ್ಕೆ ಎಣಿಸುತ್ತಾ. ಪಾಪ್‌ಡಿ ಮರೆತರೆ ಆ ಡ್ರೈವುಗಳು ಹಾಗೇ ಉಳಿದು ಸಾಲು ಬೆಳೆಯುತ್ತದೆ.

ಇನ್ನು ಝಾಕ್ಸೈಡ್. ನೀವು ಹೋಗಿಬಂದ ಫೋಲ್ಡರುಗಳನ್ನು ನೆನಪಿಟ್ಟುಕೊಳ್ಳುತ್ತದೆ. ಝಡ್ ಅಕ್ಷರ, ಒಂದು ಜಾಗ, ಹೆಸರಿನ ತುಂಡು. ಅಷ್ಟು ಕೊಟ್ಟರೆ ಎಲ್ಲಿದ್ದರೂ ಅಲ್ಲಿಗೆ ಹಾರುತ್ತದೆ. ನಾನು ಫೋಲ್ಡರುಗಳಿಗೆ ಊರಿನ ಹೆಸರಿಟ್ಟಿದ್ದೇನೆ: ಮಾಟುಂಗಾ, ದಾದರ್, ಚೆಂಬೂರ್. ಪ್ರತಿಯೊಂದರ ಒಳಗೂ ವರ್ಷ, ವರ್ಷದ ಒಳಗೆ ಜಿಎಸ್‌ಟಿ. ಎಷ್ಟು ಸಲ, ಎಷ್ಟು ಇತ್ತೀಚೆಗೆ ಹೋಗಿದ್ದೀರಿ ಅಂತ ನೋಡಿ ಪ್ರತಿ ಫೋಲ್ಡರಿಗೂ ಅದು ಅಂಕ ಕೊಡುತ್ತದೆ. ಬರೀ ಜಿಎಸ್‌ಟಿ ಅಂದರೆ ಅಂಕ ಜಾಸ್ತಿ ಇರುವಲ್ಲಿಗೆ ಹೋಗುತ್ತದೆ. 'ಚೆಂಬೂರ್ ಜಿಎಸ್‌ಟಿ' ಅಂದರೆ ಸರಿಯಾಗಿ ಚೆಂಬೂರಿಗೆ. ಪದಗಳು ದಾರಿಯಲ್ಲಿ ಬರುವ ಕ್ರಮದಲ್ಲೇ ಇರಬೇಕು, ಕೊನೆಯ ಪದ ಕೊನೆಯ ಫೋಲ್ಡರಿನ ಹೆಸರಿಗೆ ಹೊಂದಬೇಕು.

ತಂಟೆ ಇಲ್ಲವೆಂದಲ್ಲ. ಏಪ್ರಿಲ್ ಬಂತೆಂದರೆ ಹೊಸ ವರ್ಷದ ಫೋಲ್ಡರು ಅದಕ್ಕೆ ಗೊತ್ತೇ ಇರುವುದಿಲ್ಲ, ಒಂದು ಸಲ ಸಿಡಿಯಲ್ಲಿ ನಾವೇ ಹೋಗಿ ಬರಬೇಕು. ಆಮೇಲೂ ಕೆಲವು ದಿನ ಹಳೆ ವರ್ಷಕ್ಕೇ ಎಳೆಯುತ್ತದೆ. ಕಳೆದ ಒಂದು ಗಂಟೆಯಲ್ಲಿ ಹೋದ ಫೋಲ್ಡರಿನ ಅಂಕ 4 ಪಟ್ಟು, ಒಂದು ದಿನದೊಳಗಾದರೆ 2 ಪಟ್ಟು, ವಾರದೊಳಗಾದರೆ ಅರ್ಧ, ಅದಕ್ಕಿಂತ ಹಳೆಯದಾದರೆ ಕಾಲು ಭಾಗ. ಅದು ಹಾಕುವ ಲೆಕ್ಕ ಇದು. ಹಾಗಾಗಿ ತಾನೇ ಸರಿಹೋಗುತ್ತದೆ. ಅಲ್ಲಿಯವರೆಗೆ ನಡುವೆ '25-26' ಅಂತ ವರ್ಷವನ್ನೂ ಸೇರಿಸುತ್ತೇನೆ.

ಹೋಟೆಲಿನ ಕೌಂಟರಿನ ಕಂಪ್ಯೂಟರಿನಲ್ಲಿ ನಮ್ಮ ಸಾಮಾನು ಹಾಕುವಂತಿಲ್ಲ, ಅಲ್ಲಿ ಪುಶ್‌ಡಿಯೇ ಗತಿ. ಮನೆಯಲ್ಲಿ ಪವರ್‌ಶೆಲ್ ಮತ್ತು ಝಾಕ್ಸೈಡ್. ಝಾಕ್ಸೈಡ್‌ಗೆ ಕಾಸು ಖರ್ಚಿಲ್ಲ, ಪ್ರೋಗ್ರಾಮುಗಳನ್ನು ಇಳಿಸಿಕೊಡುವ ವಿಂಡೋಸಿನ ವಿನ್‌ಗೆಟ್‌ ಕಮಾಂಡಿನಿಂದ ಇಳಿಯುತ್ತದೆ, ಪವರ್‌ಶೆಲ್ ತೆರೆದಾಗಲೆಲ್ಲ ತಾನೇ ಓಡುವ ಪ್ರೊಫೈಲ್ ಫೈಲಿನಲ್ಲಿ ಒಂದು ಸಾಲು ಸೇರಿಸಬೇಕು. ಪವರ್‌ಶೆಲ್ ತೆರೆದ ಕೂಡಲೇ ಸ್ಕ್ರಿಪ್ಟ್ ಓಡಿಸಲು ಅನುಮತಿ ಇಲ್ಲ ಅಂತ ಕೆಂಪಕ್ಷರ ಬಂದರೆ, ಎಕ್ಸಿಕ್ಯೂಷನ್ ಪಾಲಿಸಿಯನ್ನು (ಯಾವ ಸ್ಕ್ರಿಪ್ಟ್ ಓಡಬಹುದು ಅನ್ನುವ ಪವರ್‌ಶೆಲ್ಲಿನ ನಿಯಮ) ನಿಮ್ಮ ಖಾತೆಗೆ ಮಾತ್ರ ರಿಮೋಟ್‌ಸೈನ್ಡ್ (RemoteSigned) ಮಾಡಿಕೊಳ್ಳಿ.