ಬಡ್ತಿ ಪ್ರಕರಣಕ್ಕೆ ವಕೀಲರನ್ನು ಹುಡುಕುವವರಿಗೆ: ದುರ್ಗಿಗುಡಿಯ ಒಂದು ಕಚೇರಿಯ ಅನುಭವ

ಶಿವಮೊಗ್ಗದ ದುರ್ಗಿಗುಡಿಯಲ್ಲಿ, ಮೊದಲ ಮಹಡಿಯ ಎರಡು ಕೋಣೆಗಳಲ್ಲಿ ನಡೆಯುವ ವಕೀಲರ ಕಚೇರಿಯೊಂದಕ್ಕೆ ನಾನು ಮೂರು ವರ್ಷ ಓಡಾಡಿದ್ದೇನೆ. ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಯ ಸಹಶಿಕ್ಷಕನಾದ ನನಗೆ ಬರಬೇಕಾಗಿದ್ದ ಮುಖ್ಯಶಿಕ್ಷಕರ ಬಡ್ತಿ ನನಗಿಂತ ಕಿರಿಯರಿಗೆ ಹೋದಾಗ, ಸಹೋದ್ಯೋಗಿಯೊಬ್ಬರು ಈ ಕಚೇರಿಯ ದಾರಿ ತೋರಿಸಿದರು.

ಅಲ್ಲಿನ ಹಿರಿಯ ವಕೀಲರು ನನ್ನ ಕಥೆ ಕೇಳುವ ಮೊದಲು ಸೇವಾ ಪುಸ್ತಕದ ನಕಲು ಕೇಳಿದರು. ಜ್ಯೇಷ್ಠತಾ ಪಟ್ಟಿಯಲ್ಲಿ ನನ್ನ ಹೆಸರಿನ ಕೆಳಗೆ ಸ್ಕೇಲು ಇಟ್ಟು, ಕೆಲಸಕ್ಕೆ ಹಾಜರಾದ ದಿನಾಂಕವನ್ನು ಸೇವಾ ಪುಸ್ತಕದೊಂದಿಗೆ ತಾಳೆ ನೋಡಿದರು. ಪುಸ್ತಕದಲ್ಲಿ 11-1-1999 ಎಂದಿದ್ದುದು ಪಟ್ಟಿಯಲ್ಲಿ 1-11-1999 ಆಗಿತ್ತು. ಅಷ್ಟರಿಂದಲೇ ಸುಮಾರು ಹತ್ತು ತಿಂಗಳ ಜ್ಯೇಷ್ಠತೆ ಹೋಗಿತ್ತು. ತಾತ್ಕಾಲಿಕ ಪಟ್ಟಿ ಪ್ರಕಟವಾದಾಗ ನಾನು ಆಕ್ಷೇಪಣೆ ಕೊಟ್ಟು ಸ್ವೀಕೃತಿ ಪಡೆದಿದ್ದೆ. "ಮೇಷ್ಟ್ರೇ, ಈ ಸೀಲು ಬಿದ್ದ ಪ್ರತಿ ಜೋಪಾನ ಮಾಡಿ" ಎಂದು ಅದನ್ನು ಪ್ಲಾಸ್ಟಿಕ್ ಹಾಳೆಯೊಳಗೆ ಹಾಕಿ ಕೊಟ್ಟರು.

ಈ ಕಚೇರಿಯನ್ನು ನಾನು ಮೆಚ್ಚುವುದು ಮುಖ್ಯವಾಗಿ ಅವರು ಯಾವುದೇ ಸುಳ್ಳು ಭರವಸೆ ಕೊಡಲಿಲ್ಲ ಎಂಬುದಕ್ಕೆ. ಬಡ್ತಿಯೇ ನೌಕರನ ಹಕ್ಕಲ್ಲ, ಸರದಿ ಬಂದಾಗ ನ್ಯಾಯಯುತವಾಗಿ ಪರಿಗಣಿಸಲ್ಪಡುವುದು ಸಂವಿಧಾನದ 16ನೇ ವಿಧಿಯಡಿ ಹಕ್ಕು ಎಂದು ಮೊದಲ ದಿನವೇ ಬಿಡಿಸಿ ಹೇಳಿದರು. ಹಿಂಬಾಕಿ ವೇತನದ ವಿಷಯದಲ್ಲಂತೂ ಇನ್ನೂ ಎಚ್ಚರದಿಂದ ಮಾತಾಡಿದರು. ಕೆಲಸ ಮಾಡಲು ಸಿದ್ಧನಿದ್ದ ನೌಕರನನ್ನು ಅವನ ತಪ್ಪಿಲ್ಲದೆ ಇಲಾಖೆಯೇ ದೂರವಿಟ್ಟಿದ್ದರೆ "ಕೆಲಸವಿಲ್ಲದಿದ್ದರೆ ವೇತನವಿಲ್ಲ" ಎಂಬ ನಿಯಮ ಸಲೀಸಾಗಿ ಅನ್ವಯಿಸದು ಎಂದು 1991ರ ಜಾನಕಿರಾಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೆ ಪೂರ್ವಾನ್ವಯ ಬಡ್ತಿಗೆ, ಅಂದರೆ ಹಿಂದಿನ ದಿನಾಂಕದಿಂದಲೇ ಕೊಡುವ ಬಡ್ತಿಗೆ, ಹಿಂಬಾಕಿ ಕೊಡಬೇಕೇ ಎಂಬುದು ಆಯಾ ಪ್ರಕರಣದ ಸಂಗತಿಗಳನ್ನು ಅವಲಂಬಿಸಿದೆ ಎಂದು 2007ರ ಭಾಸ್ಕರನ್ ಪಿಳ್ಳೈ ಪ್ರಕರಣದಲ್ಲಿ ಅದೇ ನ್ಯಾಯಾಲಯ ಹೇಳಿದೆ. ಎರಡೂ ತೀರ್ಪುಗಳ ಪ್ರತಿ ನನ್ನ ಕೈಗಿಟ್ಟು, ಓದಿಕೊಂಡು ಬನ್ನಿ ಎಂದರು.

ಅರ್ಜಿ ಹಾಕುವ ಅವಧಿಯ ಲೆಕ್ಕವನ್ನೂ ಅವರೇ ನೋಡಿಕೊಂಡರು. 1985ರ ಆಡಳಿತ ನ್ಯಾಯಮಂಡಳಿಗಳ ಅಧಿನಿಯಮದಂತೆ ಮೊದಲು ಇಲಾಖೆಗೆ ಮನವಿ ಕೊಡಬೇಕು. ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಅಲ್ಲಿಂದ ಒಂದು ವರ್ಷದೊಳಗೆ, ಸರ್ಕಾರಿ ನೌಕರರ ಸೇವಾ ವ್ಯಾಜ್ಯಗಳನ್ನು ಕೇಳುವ ಆ ನ್ಯಾಯಮಂಡಳಿಗೆ ಹೋಗಬೇಕು. ನನಗೆ ಉತ್ತರ ಬರಲಿಲ್ಲ, ಬೆಂಗಳೂರಿನ ನ್ಯಾಯಮಂಡಳಿಗೆ ಹೋದೆವು. ಬಡ್ತಿ ಪಡೆದ ಕಿರಿಯ ಶಿಕ್ಷಕರನ್ನೂ ಎದುರುದಾರರನ್ನಾಗಿ ಸೇರಿಸಬೇಕೆಂದಾಗ ಮಾತ್ರ ನನಗೆ ಸಂಕಟವಾಯಿತು. ಒಂದೇ ಕ್ಲಸ್ಟರಿನಲ್ಲಿ (ಅಕ್ಕಪಕ್ಕದ ಶಾಲೆಗಳ ಗುಂಪಿನಲ್ಲಿ) ಕೂತು ಊಟ ಮಾಡಿದವರು ನಾವು. ಆದೇಶದಿಂದ ಬಾಧಿತರಾಗುವವರ ಮಾತು ಕೇಳದೆ ತೀರ್ಮಾನಿಸಲಾಗದು ಎಂದು ವಕೀಲರು ತಿಳಿಹೇಳಿದ ಮೇಲೆ ನಾನೇ ಆ ಶಿಕ್ಷಕರ ಮನೆಗೆ ಹೋಗಿ ವಿಷಯ ತಿಳಿಸಿ ಬಂದೆ.

ಶುಲ್ಕ 30,000 ರೂಪಾಯಿ, ಮೂರು ಕಂತು, ಪ್ರತಿಯೊಂದಕ್ಕೂ ರಸೀದಿ. ಬೆಂಗಳೂರಿನ ಪ್ರಯಾಣವೆಚ್ಚ ಬೇರೆ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟಿದ್ದರೂ ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ ಎಂದು, ನನ್ನ ಮುಂದೆ ಕೂತಿದ್ದ ಅಂಗನವಾಡಿ ಕಾರ್ಯಕರ್ತೆಯೊಬ್ಬರಿಗೆ ಹೇಳಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಕಳಿಸಿದ್ದನ್ನು ಕಣ್ಣಾರೆ ಕಂಡೆ. ಬಂದ ಕಕ್ಷಿದಾರರನ್ನು ಹೀಗೆ ಬಿಟ್ಟುಕೊಡುವವರು ಅಪರೂಪ.

ಕೊರತೆಗಳೂ ಇವೆ. ಗುಮಾಸ್ತರು ಫೋನ್ ಎತ್ತುವುದೇ ಕಡಿಮೆ. ಒಮ್ಮೆ ವಿಚಾರಣೆ ಮುಂದೂಡಿದ್ದನ್ನು ತಿಳಿಸದ ಕಾರಣ, ಮಳೆಗಾಲದ ನಸುಕಿನಲ್ಲಿ ಜನಶತಾಬ್ದಿ ರೈಲು ಹಿಡಿದು ಬೆಂಗಳೂರಿಗೆ ಹೋಗಿ ಬರಿಗೈಯಲ್ಲಿ ಮರಳಿದೆ. ಒಂದು ದಿನದ ಸಾಂದರ್ಭಿಕ ರಜೆಯೂ ಹೋಯಿತು. ಇದನ್ನು ನೇರವಾಗಿ ಹೇಳಿದ ಮೇಲೆ ಹಿಂದಿನ ದಿನ ಸಂದೇಶ ಬರತೊಡಗಿತು.

ಕಿರಿಯರಿಗೆ ಬಡ್ತಿ ಸಿಕ್ಕ ದಿನಾಂಕದಿಂದಲೇ ನನ್ನನ್ನು ಪರಿಗಣಿಸಬೇಕೆಂದು ಆದೇಶವಾಯಿತು, ಬಡ್ತಿಯೂ ಬಂತು. ಹಿಂಬಾಕಿಯ ಮನವಿ ಇನ್ನೂ ಇಲಾಖೆಯ ಮುಂದಿದೆ, ಅದನ್ನೂ ಇದೇ ಕಚೇರಿಗೆ ವಹಿಸಿದ್ದೇನೆ. ಹೋಗುವವರು ಸಂಜೆ ಐದರ ನಂತರ ಹೋಗಿ. ಸೇವಾ ಪುಸ್ತಕ, ತಾತ್ಕಾಲಿಕ ಮತ್ತು ಅಂತಿಮ ಜ್ಯೇಷ್ಠತಾ ಪಟ್ಟಿ, ಆಕ್ಷೇಪಣೆಯ ಸ್ವೀಕೃತಿ, ಇವುಗಳ ಎರಡೆರಡು ಪ್ರತಿ ಜೊತೆಗಿರಲಿ.