20 ವರ್ಷ, 15 ವರ್ಷ, ಓವರ್‌ಡ್ರಾಫ್ಟ್: ಯಾವ ಗೃಹಸಾಲ ಕೊನೆಗೆ ಅಗ್ಗ?

ನಮ್ಮ ಕುಟುಂಬದಲ್ಲಿ ಮೂರು ಥರದ ಗೃಹಸಾಲ ನೋಡಿದ್ದೇವೆ. ಮೈಸೂರಿನ ನಮ್ಮ ಫ್ಲ್ಯಾಟಿಗೆ 2021ರ ಕೊನೆಗೆ ತೆಗೆದದ್ದು 20 ವರ್ಷದ ಸಾದಾ ಸಾಲ. ಆಮೇಲೆ ಅದನ್ನೇ ಬೇರೆ ಬ್ಯಾಂಕಿನ ಓವರ್‌ಡ್ರಾಫ್ಟ್ ಗೃಹಸಾಲಕ್ಕೆ, ಅಂದರೆ ಹೆಚ್ಚುವರಿ ಕಟ್ಟಿದ ಹಣವನ್ನು ಬೇಕಾದಾಗ ವಾಪಸ್ ತೆಗೆಯಬಹುದಾದ ಸಾಲಕ್ಕೆ ಬದಲಾಯಿಸಿದೆವು. ತಂಗಿ ಹುಬ್ಬಳ್ಳಿಯಲ್ಲಿ ಮನೆ ಕೊಂಡಾಗ 15 ವರ್ಷದ ಸಾಲವೇ ಬೇಕು ಎಂದು ಹಟ ಹಿಡಿದು ತೆಗೆದುಕೊಂಡಳು. ಅವಳ ಸಾಲದ ಲೆಕ್ಕ ನೋಡುವುದೂ ನಾನೇ. ಹಾಗಾಗಿ ಮೂರನ್ನೂ ಪಕ್ಕಪಕ್ಕದಲ್ಲಿ ಇಟ್ಟು ಬರೆಯುತ್ತಿದ್ದೇನೆ.

ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ಸಂಬಳದ ಮೇಲೆ ಬದುಕುವ ಬಹುತೇಕ ಮನೆಗಳಿಗೆ 20 ವರ್ಷದ ಸಾದಾ ಸಾಲ ತೆಗೆದುಕೊಂಡು, ಮೊದಲ ವರ್ಷದಿಂದಲೇ ಅಸಲಿಗೆ ಹೆಚ್ಚುವರಿ ಹಣ ಕಟ್ಟುತ್ತಾ ಹೋಗುವುದೇ ಒಳ್ಳೆಯದು. ಹಾಗಿದ್ದೂ ನಾವು ಓವರ್‌ಡ್ರಾಫ್ಟ್‌ಗೆ ಹೋದೆವು. ಯಾಕೆ ಎಂದು ಮುಂದೆ ಹೇಳುತ್ತೇನೆ.

ಹೋಲಿಕೆ ನ್ಯಾಯವಾಗಿರಲಿ ಎಂದು ಎಲ್ಲದಕ್ಕೂ ಒಂದೇ ಲೆಕ್ಕ ಹಿಡಿದಿದ್ದೇನೆ: 50 ಲಕ್ಷ ಸಾಲ, ಶೇ 8.5 ಬಡ್ಡಿ.

| ಅವಧಿ | ತಿಂಗಳ ಕಂತು (ರೂ.) | ಒಟ್ಟು ಬಡ್ಡಿ (ರೂ.) |
|---|---|---|
| 15 ವರ್ಷ | 49,237 | ಸುಮಾರು 38.6 ಲಕ್ಷ |
| 20 ವರ್ಷ | 43,391 | ಸುಮಾರು 54.1 ಲಕ್ಷ |
| 30 ವರ್ಷ | 38,446 | ಸುಮಾರು 88.4 ಲಕ್ಷ |

30 ವರ್ಷದ ಸಾಲಿನ ಮೇಲೆ ಸ್ವಲ್ಪ ಹೊತ್ತು ಕಣ್ಣಿಡಿ. 20 ವರ್ಷದ ಸಾಲಕ್ಕಿಂತ ಕಂತು ಕಮ್ಮಿಯಾಗಿದ್ದು 5 ಸಾವಿರದಷ್ಟು. ಬಡ್ಡಿ ಜಾಸ್ತಿಯಾಗಿದ್ದು 34 ಲಕ್ಷ! ಬ್ಯಾಂಕಿನಲ್ಲಿ ಕೂತಾಗ ಎಲ್ಲರೂ ಮಾತಾಡುವುದು ಕಂತಿನ ಬಗ್ಗೆ. 'ಸರ್, ಅವಧಿ ಸ್ವಲ್ಪ ಜಾಸ್ತಿ ಮಾಡಿದರೆ ಕಂತು ಆರಾಮಾಗುತ್ತೆ, ಸಾಲವೂ ಜಾಸ್ತಿ ಸಿಗುತ್ತೆ' ಅನ್ನುತ್ತಾರೆ. ಎರಡೂ ನಿಜ. ಆದರೆ ಮೂರನೇ ಕಾಲಂ ಅವರು ತೋರಿಸುವುದಿಲ್ಲ, ನಾವೇ ಕೇಳಬೇಕು.

20 ವರ್ಷದ ಸಾದಾ ಸಾಲ

ಈ ಸಾಲದಲ್ಲಿ ಮೊದಲ ಕಂತು 43,391 ರೂ. ಕಟ್ಟಿದರೆ ಅದರಲ್ಲಿ 35,417 ಬಡ್ಡಿಗೇ ಹೋಗುತ್ತದೆ. ಅಸಲು ಇಳಿಯುವುದು 8 ಸಾವಿರ ಕೂಡ ಅಲ್ಲ. ಇಡೀ ಮೊದಲ ವರ್ಷ 5.2 ಲಕ್ಷ ಕಟ್ಟಿದರೆ ಅಸಲಿಗೆ ಸೇರುವುದು ಹತ್ತಿರ ಹತ್ತಿರ 1 ಲಕ್ಷ. ಐದು ವರ್ಷಕ್ಕೆ 26 ಲಕ್ಷ ಕಟ್ಟಿರುತ್ತೀರಿ, ಬಾಕಿ ಇನ್ನೂ 44 ಲಕ್ಷ ಇರುತ್ತದೆ. ಅರ್ಧ ಸಾಲ, ಅಂದರೆ 25 ಲಕ್ಷ ತೀರಲು ಹದಿನಾಲ್ಕು ವರ್ಷ ಬೇಕು.

ಇದರಲ್ಲಿ ಮೋಸ ಏನೂ ಇಲ್ಲ. ಬಾಕಿ ಇರುವ ಅಸಲಿನ ಮೇಲೆ ಬಡ್ಡಿ, ಅಷ್ಟೇ. ಮೊದಲ ವರ್ಷಗಳಲ್ಲಿ ಅಸಲು ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಅದಕ್ಕೇ ಮೊದಲ ವರ್ಷಗಳಲ್ಲಿ ಹೆಚ್ಚುವರಿ ಕಟ್ಟುವ ಒಂದೊಂದು ರೂಪಾಯಿಗೂ ಅಷ್ಟು ಬಲ.

ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚುವರಿ ಕಟ್ಟಿ ನೋಡಿ. ಬೋನಸ್ ಬಂದಾಗಲೋ, ದೀಪಾವಳಿ ಹೊತ್ತಿಗೋ 43,391 ರೂ. ಅಸಲಿಗೆ ಹಾಕಿದರೆ ಸಾಲ 20 ವರ್ಷದ ಬದಲು 16 ವರ್ಷ 9 ತಿಂಗಳಿಗೇ ಮುಗಿಯುತ್ತದೆ. ಬಡ್ಡಿಯಲ್ಲಿ ಸುಮಾರು 10 ಲಕ್ಷ ಉಳಿಯುತ್ತದೆ. ಬದಲಾಗುವ ಬಡ್ಡಿಯ ಗೃಹಸಾಲವನ್ನು ವೈಯಕ್ತಿಕವಾಗಿ ತೆಗೆದುಕೊಂಡವರಿಂದ ಬ್ಯಾಂಕುಗಳು ಮುಂಗಡ ಪಾವತಿ ಶುಲ್ಕ ವಸೂಲು ಮಾಡುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ. ಹಾಗಾಗಿ ಹೆದರುವ ಅಗತ್ಯ ಇಲ್ಲ.

ಆದರೆ ಹೆಚ್ಚುವರಿ ಕಟ್ಟಿದಾಗ ಬ್ಯಾಂಕಿನವರು ಒಂದು ಪ್ರಶ್ನೆ ಕೇಳುತ್ತಾರೆ. ಕೆಲವು ಕಡೆ ಕೇಳುವುದೂ ಇಲ್ಲ, ತಾವೇ ಒಂದನ್ನು ಟಿಕ್ ಮಾಡಿಬಿಡುತ್ತಾರೆ. ಕಂತು ಕಮ್ಮಿ ಮಾಡಬೇಕಾ, ಅವಧಿ ಕಮ್ಮಿ ಮಾಡಬೇಕಾ? ಮೊದಲ ವರ್ಷದ ಕೊನೆಗೆ 2 ಲಕ್ಷ ಕಟ್ಟಿದಿರಿ ಅಂದುಕೊಳ್ಳಿ. ಅವಧಿ ಇಳಿಸಿದರೆ 21 ತಿಂಗಳು ಮೊದಲೇ ಸಾಲ ಮುಗಿಯುತ್ತದೆ, ಉಳಿಯುವ ಬಡ್ಡಿ ಸುಮಾರು 7.3 ಲಕ್ಷ. ಕಂತು ಇಳಿಸಿದರೆ ತಿಂಗಳಿಗೆ 1,771 ರೂ. ಕಮ್ಮಿಯಾಗುತ್ತದೆ, ಉಳಿಯುವ ಬಡ್ಡಿ ಸುಮಾರು 2 ಲಕ್ಷ. ಆ 1,771 ರೂಪಾಯಿಯನ್ನು ಪ್ರತಿ ತಿಂಗಳೂ ಮತ್ತೆ ಅಸಲಿಗೇ ಹಾಕುತ್ತೀರಿ ಅಂದರೆ ಎರಡೂ ಒಂದೇ. ಯಾರು ಹಾಕುತ್ತಾರೆ ಹೇಳಿ? ಅದು ತರಕಾರಿ, ಪೆಟ್ರೋಲಿನಲ್ಲಿ ಕರಗಿ ಹೋಗುತ್ತದೆ. ಕೆಲಸ ಅಲುಗಾಡುತ್ತಿದ್ದರೆ, ಮನೆಯಲ್ಲಿ ಕಾಯಿಲೆ ಇದ್ದರೆ ಕಂತು ಇಳಿಸಿಕೊಳ್ಳಿ. ಇಲ್ಲದಿದ್ದರೆ ಅವಧಿ ಇಳಿಸಿ ಎಂದು ಬರವಣಿಗೆಯಲ್ಲೇ ಕೊಡಿ.

ಈ ಸಾಲದ ದೊಡ್ಡ ಅಪಾಯ ಬೇರೆ ಇದೆ. ನಾವು ಸಾಲ ತೆಗೆದಾಗ ರೆಪೊ ದರ, ಅಂದರೆ ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ದರ, ಶೇ 4 ಇತ್ತು, ನಮಗೆ ಬಿದ್ದ ಬಡ್ಡಿ ಶೇ 6.75. ಕಂತು 38,018 ರೂ. 2022ರ ಮೇ ತಿಂಗಳಿಂದ ರೆಪೊ ಏರತೊಡಗಿ 2023ರ ಫೆಬ್ರವರಿಗೆ ಶೇ 6.5ಕ್ಕೆ ಬಂತು. 2019ರ ಅಕ್ಟೋಬರ್ ನಂತರ ಬ್ಯಾಂಕುಗಳು ಕೊಟ್ಟ ಇಂಥ ಸಾಲಗಳೆಲ್ಲ ಹೊರಗಿನ ದರಕ್ಕೆ, ಹೆಚ್ಚಾಗಿ ರೆಪೊಗೆ ಕಟ್ಟಿಕೊಂಡಿವೆ. ನಮ್ಮ ಬಡ್ಡಿಯೂ ಶೇ 9.25 ಆಯಿತು. ಕಂತು ಮಾತ್ರ ಹಾಗೇ ಇತ್ತು! ನಮಗೆ ಸಾಲ ಕೊಟ್ಟ ಬ್ಯಾಂಕು ನಮ್ಮನ್ನು ಒಂದು ಮಾತೂ ಕೇಳದೆ ಅವಧಿಯನ್ನು ಎಳೆದಿತ್ತು. 38 ಸಾವಿರದ ಕಂತಿನಲ್ಲಿ 37 ಸಾವಿರ ಬಡ್ಡಿಗೇ ಹೋಗುತ್ತಿತ್ತು. ಅದೇ ಕಂತಿನಲ್ಲಿ ಆ ಸಾಲ ತೀರಬೇಕಾದರೆ ಇನ್ನೂ 40 ವರ್ಷ ಬೇಕಾಗುತ್ತಿತ್ತು. ಮೊದಲು ಹೇಳಿದ ಅವಧಿಯಲ್ಲೇ ಮುಗಿಸಲು ಕಂತು 45 ಸಾವಿರ ದಾಟಬೇಕಿತ್ತು.

ಇದು ಎಷ್ಟೋ ಮನೆಗಳಲ್ಲಿ ಸದ್ದಿಲ್ಲದೆ ನಡೆಯಿತು, ಅದಕ್ಕೇ ಒತ್ತಿ ಹೇಳುತ್ತಿದ್ದೇನೆ. 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ನಿಯಮ ತಂದಿತು. ದರ ಬದಲಾದಾಗ ಕಂತು ಏರಿಸಬೇಕಾ, ಅವಧಿ ಏರಿಸಬೇಕಾ, ಎರಡನ್ನೂ ಸ್ವಲ್ಪ ಸ್ವಲ್ಪ ಏರಿಸಬೇಕಾ ಎಂದು ಸಾಲಗಾರನಿಗೇ ಆಯ್ಕೆ ಕೊಡಬೇಕು. ಮೂರು ತಿಂಗಳಿಗೊಮ್ಮೆ ಎಷ್ಟು ಅಸಲು, ಎಷ್ಟು ಬಡ್ಡಿ ವಸೂಲಾಗಿದೆ, ಇನ್ನೆಷ್ಟು ಕಂತು ಬಾಕಿ ಎಂಬ ಸ್ಟೇಟ್‌ಮೆಂಟ್ ಸಿಗಬೇಕು. ಆ ಸ್ಟೇಟ್‌ಮೆಂಟಿನಲ್ಲಿ 'ಬಾಕಿ ಕಂತುಗಳು' ಎಂಬ ಸಂಖ್ಯೆಯನ್ನು ನೋಡಿ. 2025ರಲ್ಲಿ ರೆಪೊ ಶೇ 6.5ರಿಂದ ಶೇ 5.25ಕ್ಕೆ ಇಳಿಯಿತು. ನಿಮ್ಮ ಬಾಕಿ ಕಂತುಗಳೂ ಇಳಿದಿವೆಯಾ ಎಂದು ಅಲ್ಲೇ ಗೊತ್ತಾಗುತ್ತದೆ.

15 ವರ್ಷದ ಸಾಲ

ತಂಗಿಯ ವಾದ ಸರಳ. 'ಕಡ್ಡಾಯ ಇದ್ದರೆ ಮಾತ್ರ ನನ್ನ ಕೈಯಿಂದ ದುಡ್ಡು ಹೊರಡುತ್ತೆ ಅಣ್ಣ' ಅಂದಳು. ಅವಳ ಮಟ್ಟಿಗೆ ಅದು ಸರಿ. ತಿಂಗಳಿಗೆ 5,846 ರೂ. ಹೆಚ್ಚು ಕಟ್ಟಿ 15.5 ಲಕ್ಷ ಬಡ್ಡಿ ಉಳಿಸುವುದು ಸಣ್ಣ ಮಾತಲ್ಲ.

ಆದರೆ ಒಂದು ವಿಷಯ ಅವಳಿಗೂ ಹೇಳಿದ್ದೆ. 20 ವರ್ಷದ ಸಾಲ ತೆಗೆದು ಪ್ರತಿ ತಿಂಗಳೂ 49,237 ರೂ. ಕಟ್ಟಿದರೂ ಸಾಲ 15 ವರ್ಷಕ್ಕೇ ಮುಗಿಯುತ್ತದೆ, ಬಡ್ಡಿಯೂ ಅಷ್ಟೇ ಆಗುತ್ತದೆ. ಕಷ್ಟದ ತಿಂಗಳಲ್ಲಿ ಮಾತ್ರ ಬರೀ 43,391 ಕಟ್ಟಿ ಉಸಿರು ಬಿಡಬಹುದು. 15 ವರ್ಷದ ಸಾಲದಲ್ಲಿ ಆ ಸಡಿಲ ಇಲ್ಲ. ಕಂತು ತಪ್ಪಿದರೆ ದಂಡ, ಸಿಬಿಲ್ ಸ್ಕೋರಿಗೂ (ಸಾಲ ತೀರಿಸುವ ಶಿಸ್ತಿಗೆ ಕೊಡುವ ಅಂಕ) ಪೆಟ್ಟು. ಅವಳ ಗಂಡ ಕೆಲಸ ಬದಲಾಯಿಸುವಾಗ ನಡುವೆ ಸಂಬಳ ನಿಂತಿತ್ತು. ಆಗ ಕಂತಿಗೆ ಚಿನ್ನ ಅಡ ಇಡಬೇಕಾಯಿತು. ಆ ಚಿನ್ನದ ಸಾಲದ ಬಡ್ಡಿಯನ್ನೂ ಮನೆಯ ಖರ್ಚಿಗೇ ಸೇರಿಸಬೇಕು, ಅಲ್ವಾ?

ಓವರ್‌ಡ್ರಾಫ್ಟ್ ಗೃಹಸಾಲ

ಎಸ್‌ಬಿಐನ ಮ್ಯಾಕ್ಸ್‌ಗೇನ್ ಈ ಥರದ ಸಾಲಗಳಲ್ಲಿ ಹೆಚ್ಚು ಜನಕ್ಕೆ ಗೊತ್ತಿರುವುದು. ಬೇರೆ ಬ್ಯಾಂಕುಗಳಲ್ಲೂ ಇದೆ. ಸಾಲದ ಖಾತೆಯೇ ಓವರ್‌ಡ್ರಾಫ್ಟ್ ಖಾತೆ. ಅದರಲ್ಲಿ ನಾವು ಹೆಚ್ಚುವರಿ ಇಟ್ಟ ಹಣವನ್ನು ಬಾಕಿಯಿಂದ ಕಳೆದು, ಉಳಿದದ್ದಕ್ಕೆ ಮಾತ್ರ ಬಡ್ಡಿ ಹಾಕುತ್ತಾರೆ, ಅದೂ ದಿನದ ಲೆಕ್ಕದಲ್ಲಿ. ಬೇಕಾದಾಗ ಆ ಹಣ ವಾಪಸ್ ತೆಗೆಯಬಹುದು. ಸಾದಾ ಸಾಲಕ್ಕೆ ಮುಂಗಡ ಕಟ್ಟಿದ ಹಣ ಹೀಗೆ ವಾಪಸ್ ಬರುವುದಿಲ್ಲ.

ಇದಕ್ಕೆ ಬೆಲೆ ಇದೆ. ಬಡ್ಡಿ ಸಾದಾ ಸಾಲಕ್ಕಿಂತ ಸ್ವಲ್ಪ ಜಾಸ್ತಿ ಇರುತ್ತದೆ. ಶೇ 0.35 ಜಾಸ್ತಿ ಅಂದುಕೊಂಡರೆ 50 ಲಕ್ಷಕ್ಕೆ ವರ್ಷಕ್ಕೆ 17,500 ರೂ. ಖಾತೆಯಲ್ಲಿ ವರ್ಷವಿಡೀ ಸರಾಸರಿ 2 ಲಕ್ಷ ಇಟ್ಟರೆ ಶೇ 8.85ರ ಲೆಕ್ಕದಲ್ಲಿ ಅಷ್ಟು ಬಡ್ಡಿ ಉಳಿಯುತ್ತದೆ. ಅಂದರೆ ಮೊದಲ 2 ಲಕ್ಷ ಬರೀ ಸರಿದೂಗಿಸಲು. ಅದಕ್ಕಿಂತ ಹೆಚ್ಚು ಇಟ್ಟರೆ ಮಾತ್ರ ಲಾಭ.

ನಮ್ಮ ಮನೆಗೆ ಇದು ಒಗ್ಗಿತು. ಆಪತ್ತಿಗೆ ಇಟ್ಟ ಹಣ, ಮಗಳ ಶಾಲೆಯ ಫೀಸಿಗೆ ಕೂಡಿಡುವ ಹಣ, ತಿಂಗಳ ಸಂಬಳ ಎಲ್ಲ ಅಲ್ಲೇ ಇರುತ್ತದೆ. ಇದೇ ಹಣ ಎಫ್‌ಡಿಯಲ್ಲಿ ಇದ್ದರೆ ಶೇ 7 ಸಿಕ್ಕರೂ ಆ ಬಡ್ಡಿಗೆ ತೆರಿಗೆ ಕಟ್ಟಬೇಕು. ಶೇ 30ರ ಸ್ಲ್ಯಾಬಿನವರಿಗೆ ಕೈಗೆ ಸಿಗುವುದು ಶೇ 5 ಕೂಡ ಅಲ್ಲ. ಇಲ್ಲಿ ಉಳಿಯುವ ಬಡ್ಡಿಗೆ ತೆರಿಗೆಯೇ ಇಲ್ಲ. ಆಪತ್ತಿನ ಹಣ ಕೈಯಳತೆಯಲ್ಲೂ ಇರಬೇಕು, ಸಾಲವನ್ನೂ ಕರಗಿಸಬೇಕು ಅನ್ನುವವರಿಗೆ ಇದಕ್ಕಿಂತ ಒಳ್ಳೆಯ ಜಾಗ ನನಗೆ ಕಂಡಿಲ್ಲ.

ಆದರೆ ಕೈ ಬಿಗಿ ಇರಬೇಕು. ಖಾತೆಯಲ್ಲಿ ಲಕ್ಷಗಳು ಕಾಣುತ್ತಿರುತ್ತವೆ, ಎಟಿಎಂ ಕಾರ್ಡೂ ಇರುತ್ತದೆ. ಹೊಸ ಫೋನು, ಸೋಫಾ, ಪ್ರವಾಸ ಎಂದು ತೆಗೆದುಬಿಟ್ಟರೆ ಅದು ಶೇ 8.85ರ ಸಾಲದಲ್ಲಿ ಕೊಂಡಂತೆ. ಹೆಂಡತಿ ಒಂದು ನಿಯಮ ಮಾಡಿದ್ದಾಳೆ: ಆಸ್ಪತ್ರೆ, ಶಾಲೆ ಬಿಟ್ಟು ಬೇರೆ ಯಾವುದಕ್ಕೂ ಆ ಖಾತೆಯಿಂದ ಹಣ ತೆಗೆಯುವಂತಿಲ್ಲ. ಇಂಥ ನಿಯಮ ನಿಲ್ಲದ ಮನೆಗೆ ನಾನು ಓವರ್‌ಡ್ರಾಫ್ಟ್ ಹೇಳುವುದಿಲ್ಲ.

ಬ್ಯಾಂಕ್ ಬದಲಾಯಿಸುವ ಖರ್ಚೂ ಇದೆ. ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯ, ಮನೆಯ ಮೌಲ್ಯಮಾಪನ, ಪತ್ರಗಳನ್ನು ಹೊಸ ಬ್ಯಾಂಕಿಗೆ ಅಡ ಇಡುವಾಗ ಮತ್ತೆ ಸ್ಟ್ಯಾಂಪ್ ಶುಲ್ಕ. 45 ಲಕ್ಷ ಬಾಕಿಗೆ ಶೇ 0.5 ಬಡ್ಡಿ ಇಳಿದರೆ ವರ್ಷಕ್ಕೆ ಉಳಿಯುವುದು 22 ಸಾವಿರದಷ್ಟು. ಈ ಖರ್ಚೆಲ್ಲ ಎರಡು ವರ್ಷದ ಉಳಿತಾಯದೊಳಗೆ ಬಂದರೆ ಹೋಗಿ, ಇಲ್ಲದಿದ್ದರೆ ಬೇಡ.

ಫಿಕ್ಸೆಡ್ ಬಡ್ಡಿಯ ಸಾಲವನ್ನೂ ವಿಚಾರಿಸಿದ್ದೆವು. ಬಡ್ಡಿ ಜಾಸ್ತಿ, ಕೆಲವು ವರ್ಷಕ್ಕೊಮ್ಮೆ ದರ ಮರುಪರಿಶೀಲನೆ ಎಂಬ ಷರತ್ತು ಬೇರೆ, ಜೊತೆಗೆ ಮುಂಗಡ ಪಾವತಿಗೆ ಶುಲ್ಕ. ಅಲ್ಲಿಗೇ ಬಿಟ್ಟೆವು.

ಕಂತಿನ ಹೊರಗೆ ಹೋಗುವ ಹಣ

50 ಲಕ್ಷ ಸಾಲ ಸಿಗಬೇಕಾದರೆ ಮನೆಯ ಬೆಲೆ ಕನಿಷ್ಠ 62.5 ಲಕ್ಷ ಇರಬೇಕು. 30ರಿಂದ 75 ಲಕ್ಷದವರೆಗಿನ ಸಾಲದಲ್ಲಿ ಬೆಲೆಯ ಶೇ 80ರಷ್ಟೇ ಕೊಡುತ್ತಾರೆ. ಕರ್ನಾಟಕದಲ್ಲಿ ಇಂಥ ಮನೆಗೆ ಸ್ಟ್ಯಾಂಪ್ ಶುಲ್ಕ ಶೇ 5, ಅದರ ಮೇಲೆ ಸೆಸ್, ಸರ್‌ಚಾರ್ಜ್. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1 ಇದ್ದದ್ದು ಶೇ 2 ಆಗಿದೆ. ನಗರದಲ್ಲಿ ಎಲ್ಲ ಸೇರಿ ಶೇ 7.6, ಅಂದರೆ 4.75 ಲಕ್ಷ. ಇದು ಸಾಲದಲ್ಲಿ ಸೇರುವುದಿಲ್ಲ. ಕಟ್ಟುತ್ತಿರುವ ಫ್ಲ್ಯಾಟ್ ಆದರೆ ಜಿಎಸ್‌ಟಿ ಶೇ 5 ಬೇರೆ. ಈ ಹಣಕ್ಕೆ ಪರ್ಸನಲ್ ಲೋನ್ ತೆಗೆದರೆ ಮನೆಯ ಬೆಲೆ ಅಲ್ಲಿಂದಲೇ ಏರತೊಡಗುತ್ತದೆ.

ನನಗೆ ತುಂಬ ಸಿಟ್ಟು ಬಂದದ್ದು ವಿಮೆಯ ವಿಷಯದಲ್ಲಿ. ಮೊದಲ ಸಾಲದ ಹೊತ್ತಿಗೆ ಒಂದೇ ಕಂತಿನ ವಿಮೆಯೊಂದನ್ನು ಕಡ್ಡಾಯ ಅನ್ನುವಂತೆ ಮುಂದಿಟ್ಟರು. ಪ್ರೀಮಿಯಂ ಸಾಲಕ್ಕೇ ಸೇರಿಸುತ್ತೇವೆ, ಕೈಯಿಂದ ಏನೂ ಕೊಡಬೇಕಿಲ್ಲ ಅಂದರು. 1 ಲಕ್ಷ ಪ್ರೀಮಿಯಂ ಹೀಗೆ ಸಾಲಕ್ಕೆ ಸೇರಿದರೆ ಶೇ 8.5ರಲ್ಲಿ 20 ವರ್ಷಕ್ಕೆ ಕಟ್ಟುವುದು 2.08 ಲಕ್ಷ! ವಿಮೆ ಬೇಡ ಅನ್ನುತ್ತಿಲ್ಲ. ದುಡಿಯುವವರಿಗೆ ಏನಾದರೂ ಆದರೆ ಸಾಲ ಮನೆಯವರ ತಲೆಗೆ ಬರಬಾರದು. ಅದಕ್ಕೆ ಬೇರೆಯಾಗಿ ಟರ್ಮ್ ವಿಮೆ (ಅವಧಿಯೊಳಗೆ ಸಾವಾದರೆ ಮಾತ್ರ ಹಣ ಕೊಡುವ ವಿಮೆ) ಮಾಡಿಸಿ, ವರ್ಷ ವರ್ಷ ಕಟ್ಟಿ. ನಾವು ಬರವಣಿಗೆಯಲ್ಲಿ ಕೇಳಿದ ಮೇಲೆ ಆ 'ಕಡ್ಡಾಯ' ಮಾಯವಾಯಿತು.

2024ರ ಅಕ್ಟೋಬರ್‌ನಿಂದ ಹೊಸ ಸಾಲಗಳಿಗೆ ಪ್ರಮುಖ ಅಂಶಗಳ ಪತ್ರ ಕೊಡುವುದು ಕಡ್ಡಾಯವಾಗಿದೆ. ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ, ಅಂದರೆ ಎಪಿಆರ್, ಅದರಲ್ಲಿ ಇರುತ್ತದೆ. ಎರಡು ಬ್ಯಾಂಕ್ ಹೋಲಿಸುವಾಗ ಬೋರ್ಡಿನ ಮೇಲಿನ ದರ ಬಿಟ್ಟು ಅದನ್ನೇ ಹೋಲಿಸಿ.

ತೆರಿಗೆ ಉಳಿಯುತ್ತೆ, ಸಾಲ ಹಾಗೇ ಇರಲಿ ಅನ್ನುವವರು ನಮ್ಮ ಆಫೀಸಿನಲ್ಲೂ ಇದ್ದಾರೆ. ನಾವೇ ಇರುವ ಮನೆಯ ಬಡ್ಡಿಗೆ ಹಳೆಯ ತೆರಿಗೆ ಪದ್ಧತಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ ವಿನಾಯಿತಿ. ಮೊದಲ ವರ್ಷ ಕಟ್ಟುವ ಬಡ್ಡಿಯೇ 4.2 ಲಕ್ಷ. ಹೊಸ ಪದ್ಧತಿಯಲ್ಲಿ ಆ ವಿನಾಯಿತಿಯೂ ಇಲ್ಲ.

ಮೊನ್ನೆ ತಂಗಿ ಫೋನ್ ಮಾಡಿ 'ನಾನೂ ಓವರ್‌ಡ್ರಾಫ್ಟ್‌ಗೆ ಬರಲಾ ಅಣ್ಣ?' ಅಂತ ಕೇಳಿದಳು. ಬೇಡ ಅಂದೆ. ಅವಳ ಕೈಯಲ್ಲಿ ಸುಮ್ನೆ ಕೂತಿರುವ ಹಣ 2 ಲಕ್ಷದ ಹತ್ತಿರವೂ ಇಲ್ಲ. ಅದರ ಬದಲು, ಹೊಸ ಗ್ರಾಹಕರಿಗೆ ಕೊಡುತ್ತಿರುವ ದರವನ್ನೇ ತನಗೂ ಕೊಡಿ ಎಂದು ಅವಳ ಬ್ಯಾಂಕಿಗೇ ಅರ್ಜಿ ಕೊಡಿಸಿದೆ. ಹಳೆಯ ಗ್ರಾಹಕರಿಗೆ ಇದು ಕೇಳಿದರೆ ಮಾತ್ರ ಸಿಗುತ್ತದೆ, ಬದಲಾವಣೆ ಶುಲ್ಕವನ್ನೂ ಕಟ್ಟಬೇಕಾಗುತ್ತದೆ. 40 ಲಕ್ಷ ಬಾಕಿಗೆ ಶೇ 0.4 ಇಳಿದರೆ ಮೊದಲ ವರ್ಷವೇ 16 ಸಾವಿರ ಉಳಿಯುತ್ತದೆ, ಶುಲ್ಕ ಅದರಲ್ಲೇ ಗಿಟ್ಟುತ್ತದೆ. ಅರ್ಜಿಯ ಕೆಳಗೆ ಇನ್ನೊಂದು ಸಾಲನ್ನೂ ಬರೆಸಿದ್ದೇನೆ: ದರ ಇಳಿದರೂ ಕಂತು ಇಳಿಸಬೇಡಿ, ಅವಧಿ ಇಳಿಸಿ.