ಆ್ಯಬಿ ಲಿಂಕನ್: ಯಾವ ಆಲ್ಬಮ್‌ನಿಂದ ಶುರು ಮಾಡೋದು?

ಅಮೆರಿಕದ ಜಾಝ್ ಗಾಯಕಿ, ನಟಿ ಆ್ಯಬಿ ಲಿಂಕನ್ ಅವರನ್ನು ಕೇಳಬೇಕು ಅಂದರೆ ಸಾಮಾನ್ಯವಾಗಿ ಸಿಗುವ ಸಲಹೆ ಒಂದೇ: 1960ರ 'ವಿ ಇನ್ಸಿಸ್ಟ್!' ಹಾಕಿ. ನಾನೂ ಅಲ್ಲಿಂದಲೇ ಹೊರಟೆ. ಆಮೇಲೆ ಹಿಂದಕ್ಕೂ ಮುಂದಕ್ಕೂ ಹೋಗಿ ಉಳಿದದ್ದನ್ನು ಕೇಳಿದೆ, ಸಿನಿಮಾ ನೋಡಿದೆ. ಈಗ ಯಾರಾದರೂ ಕೇಳಿದರೆ ನಾನು ಹೇಳುವುದು 1957ರ 'ದಟ್ಸ್ ಹಿಮ್!'.

'ವಿ ಇನ್ಸಿಸ್ಟ್!' ದೊಡ್ಡ ಕೆಲಸ, ಅದರಲ್ಲಿ ಎರಡು ಮಾತಿಲ್ಲ. ಡ್ರಮ್ಮರ್ ಮ್ಯಾಕ್ಸ್ ರೋಚ್ ಮತ್ತು ಗೀತರಚನೆಕಾರ ಆಸ್ಕರ್ ಬ್ರೌನ್ ಜೂನಿಯರ್ ಸೇರಿ ಕಟ್ಟಿದ್ದು. ಗುಲಾಮಗಿರಿಯ ಹೊಲದಲ್ಲಿ ಶುರುವಾಗಿ ದಕ್ಷಿಣ ಆಫ್ರಿಕಾದಲ್ಲಿ ಮುಗಿಯುತ್ತದೆ. ಮುಖಪುಟದ ಚಿತ್ರದಲ್ಲಿ ಕಪ್ಪು ಯುವಕರು ಹೋಟೆಲ್ ಕೌಂಟರ್ ಮುಂದೆ ಕೂತಿದ್ದಾರೆ. ಬಿಳಿಯರಿಗೆ ಮಾತ್ರ ಅನ್ನುತ್ತಿದ್ದ ಅಂಥ ಕೌಂಟರ್‌ಗಳಲ್ಲಿ ಅದೇ ವರ್ಷ ವಿದ್ಯಾರ್ಥಿಗಳು ಧರಣಿ ಕೂತಿದ್ದರು. ಇದರ 'ಟ್ರಿಪ್ಟಿಕ್' ಭಾಗದಲ್ಲಿ ಮಾತೇ ಇಲ್ಲ. ರೋಚ್ ಅವರ ಡ್ರಮ್, ಆ್ಯಬಿ ಅವರ ದನಿ, ಅಷ್ಟೇ. ನಡುವೆ ಅವರು ಗಂಟಲು ಹರಿಯುವಂತೆ ಕಿರುಚುತ್ತಾರೆ. ಮೊದಲ ಸಲ ಕೇಳುವವರು ಅಲ್ಲೇ ಆಫ್ ಮಾಡಿಬಿಡಬಹುದು. ಈಕೆ ಎಷ್ಟು ತಡೆದುಕೊಂಡು ಹಾಡುವವರು ಎಂದು ಮೊದಲೇ ಗೊತ್ತಿದ್ದರೆ ಆ ಕಿರುಚು ಬೇರೆಯೇ ರೀತಿ ತಟ್ಟುತ್ತದೆ.

ಆ ತಡೆ ಕಾಣುವುದು 'ದಟ್ಸ್ ಹಿಮ್!'ನಲ್ಲಿ. ಸ್ಯಾಕ್ಸಫೋನ್‌ಗೆ ಸಾನಿ ರಾಲಿನ್ಸ್, ಟ್ರಂಪೆಟ್‌ಗೆ ಕೆನಿ ಡಾರ್ಹಮ್, ಪಿಯಾನೊಗೆ ವಿಂಟನ್ ಕೆಲಿ, ಡ್ರಮ್‌ಗೆ ಮತ್ತೆ ರೋಚ್. ಇಷ್ಟು ದೊಡ್ಡವರು ಹಿಂದೆ ನಿಂತಿದ್ದರೂ ಆ್ಯಬಿ ಗಂಟಲಿನ ಕಸರತ್ತು ತೋರಿಸಲು ಹೋಗುವುದಿಲ್ಲ. 'ಟೆಂಡರ್ ಆ್ಯಸ್ ಎ ರೋಸ್' ಹಾಡಿಗೆ ಒಂದು ವಾದ್ಯವೂ ಇಲ್ಲ. ಪದದ ಕೊನೆಯನ್ನು ಎಳೆಯದೆ, ಹೇಳಿದಷ್ಟಕ್ಕೇ ಬಿಟ್ಟು ಮುಂದೆ ಹೋಗುತ್ತಾರೆ. ಹಿರಿಯ ಜಾಝ್ ಗಾಯಕಿ ಬಿಲಿ ಹಾಲಿಡೇ ಅವರ 'ಡೋಂಟ್ ಎಕ್ಸ್‌ಪ್ಲೇನ್' ಹಾಡಿನಲ್ಲಿ ಪಿಯಾನೊ ಕೂಡ ಕೇಳುವುದಿಲ್ಲ, ಯಾಕೆಂದರೆ ಕೆಲಿ ಅಲ್ಲಿ ಬಾಸ್ ನುಡಿಸಿದ್ದಾರೆ. ಹೆಡ್‌ಫೋನ್ ಹಾಕಿ ಈ ಎರಡನ್ನೂ ಒಟ್ಟಿಗೆ ಕೇಳಿ. ಭಾವಗೀತೆ ಕೇಳಿ ಬೆಳೆದ ಕಿವಿಗೆ ಇದು ಹೊಸದೇನಲ್ಲ. ಮಾತು ಮೊದಲು, ರಾಗ ಆಮೇಲೆ.

ಇದಕ್ಕೂ ಹಿಂದಿನದು, ಅಂದರೆ ಅವರ ಮೊದಲ ಆಲ್ಬಮ್, ಅಷ್ಟೇನೂ ಮುಖ್ಯವಲ್ಲ. ಷಿಕಾಗೋದಲ್ಲಿ ಹುಟ್ಟಿ, ಮಿಷಿಗನ್‌ನ ಹಳ್ಳಿಯಲ್ಲಿ ಹನ್ನೆರಡು ಮಕ್ಕಳ ಮನೆಯಲ್ಲಿ ಬೆಳೆದ ಆ್ಯನಾ ಮರಿ ವುಲ್ಡ್ರಿಜ್ (ಆ್ಯಬಿಯ ಹುಟ್ಟುಹೆಸರು) ಅವರನ್ನು ಆಗ ಗ್ಲಾಮರ್ ಹುಡುಗಿಯಾಗಿ ಮಾರುತ್ತಿದ್ದರು. ಮರ್ಲಿನ್ ಮನ್ರೋ ಹಿಂದೆ ತೊಟ್ಟಿದ್ದ ಗೌನ್ ಹಾಕಿಸಿ 'ದ ಗರ್ಲ್ ಕಾಂಟ್ ಹೆಲ್ಪ್ ಇಟ್' ಸಿನಿಮಾದಲ್ಲಿ ಹಾಡಿಸಿದರು. ಮುಂದೆ ಆ್ಯಬಿ ಆ ಗೌನನ್ನು ಬೆಂಕಿಗೆ ಹಾಕಿದರು. ಸರಿಯಾಗಿಯೇ ಮಾಡಿದರು.

ಸಿನಿಮಾದಿಂದ ಶುರು ಮಾಡುತ್ತೇನೆ ಅನ್ನುವವರಿಗೆ 1964ರ 'ನಥಿಂಗ್ ಬಟ್ ಎ ಮ್ಯಾನ್' ಇದೆ. 1968ರ 'ಫಾರ್ ಲವ್ ಆಫ್ ಐವಿ' ಇದಕ್ಕಿಂತ ಜಾಸ್ತಿ ಹೆಸರು ಮಾಡಿತು. ಅದರಲ್ಲಿ ಸಿಡ್ನಿ ಪಾಟಿಯೆ ಜೊತೆಗಿದ್ದರು, ಆ್ಯಬಿಗೆ ಗೋಲ್ಡನ್ ಗ್ಲೋಬ್ ನಾಮನಿರ್ದೇಶನವೂ ಬಂತು. ಆದರೂ ನನಗೆ ಮೊದಲನೆಯದೇ ಮೇಲು. ಅದರಲ್ಲಿ ಆ್ಯಬಿ ಹಾಡುವುದೇ ಇಲ್ಲ! ಅಲಬಾಮಾದ ಪಾದ್ರಿಯ ಮಗಳು, ಶಾಲೆಯ ಟೀಚರ್ ಜೋಸಿಯ ಪಾತ್ರ. ಐವನ್ ಡಿಕ್ಸನ್ ಮಾಡಿದ ರೈಲ್ವೆ ಕೂಲಿ ಡಫ್ ಅವಳನ್ನು ಮದುವೆಯಾಗುತ್ತಾನೆ. ಬಿಳಿಯರ ಮುಂದೆ ತಲೆ ಬಾಗಿಸದ ಅವನಿಗೆ ಕೆಲಸ ತಪ್ಪುತ್ತದೆ, ಆ ಸಿಟ್ಟು ಮನೆಯೊಳಗೂ ಬರುತ್ತದೆ. ಅವನು ಮಾತಾಡುವಾಗ ಆ್ಯಬಿ ಅವರ ಮುಖ ನೋಡಿ. ಉತ್ತರ ಕೊಡುವ ಮುಂಚೆ ಒಂದು ಚೂರು ತಡೆಯುತ್ತಾರೆ. ಹಾಡುವಾಗಲೂ ಅವರು ಮಾಡುವುದು ಅದನ್ನೇ ಅಲ್ವಾ! ಜಾಝ್ ಅಂದರೆ ಹಿಂಜರಿಯುವ ಸ್ನೇಹಿತರಿಗೆ ನಾನು ಈ ಸಿನಿಮಾವನ್ನೇ ಹೇಳುತ್ತೇನೆ.

ಕೊನೆಯ ಆಯ್ಕೆ 1991ರ 'ಯು ಗಾಟ ಪೇ ದ ಬ್ಯಾಂಡ್'. ಆಗ ಅವರಿಗೆ ಅರವತ್ತು. ಜೊತೆಗೆ ಸ್ಯಾಕ್ಸಫೋನ್‌ಗೆ ಸ್ಟ್ಯಾನ್ ಗೆಟ್ಜ್, ಪಿಯಾನೊಗೆ ಹ್ಯಾಂಕ್ ಜೋನ್ಸ್, ಬಾಸ್‌ಗೆ ಚಾರ್ಲಿ ಹೇಡನ್. ಗೆಟ್ಜ್ ಅದೇ ವರ್ಷ ಜೂನ್‌ನಲ್ಲಿ ತೀರಿಕೊಂಡರು. ರೆಕಾರ್ಡಿಂಗ್ ಬಲು ಚೆನ್ನಾಗಿದೆ, ಮನೆಯ ಸಾಧಾರಣ ಸ್ಪೀಕರ್‌ನಲ್ಲೂ ಬಾಸ್ ತುಂಬಿ ಬರುತ್ತದೆ. ದನಿ ಮಾತ್ರ ಅಲ್ಲಲ್ಲಿ ಒಡೆಯುತ್ತದೆ, ಶ್ರುತಿ ಸ್ವಲ್ಪ ಜಾರುತ್ತದೆ. ಶ್ರುತಿಯ ವಿಷಯದಲ್ಲಿ ಕಟ್ಟುನಿಟ್ಟಾದ ಕಿವಿಗೆ ಶುರುವಿನಲ್ಲೇ ಇದು ಕಷ್ಟವಾಗಬಹುದು. ಆದರೆ ಇಲ್ಲಿ ಅವರು ತಾವೇ ಬರೆದದ್ದನ್ನು ಹಾಡುತ್ತಿದ್ದಾರೆ. 'ಬರ್ಡ್ ಅಲೋನ್' ಅವರದೇ ರಚನೆ. 'ಅಪ್ ಜಂಪ್ಡ್ ಸ್ಪ್ರಿಂಗ್' ಫ್ರೆಡಿ ಹಬರ್ಡ್ ಅವರ ಟ್ಯೂನ್, ಮಾತುಗಳು ಆ್ಯಬಿಯವು. 'ದಟ್ಸ್ ಹಿಮ್!' ಹಿಡಿಸಿದವರು ಮುಂದಕ್ಕೆ ನೇರವಾಗಿ ಇಲ್ಲಿಗೇ ಬನ್ನಿ. 'ವಿ ಇನ್ಸಿಸ್ಟ್!' ಅದರ ಮರುದಿನಕ್ಕಿರಲಿ, ಒಂದೇ ಸಲ ಕೂತು ಪೂರ್ತಿ ಕೇಳುವಷ್ಟು ಬಿಡುವು ಇಟ್ಟುಕೊಂಡು.